ನಾವು ಮೆಚ್ಚುವ ಬಣ್ಣ

(ಧ್ಯಾನಕ್ಕೆ: 1 ಸಮುವೇಲ 16ನೆಯ ಅಧ್ಯಾಯ, ಅರಣ್ಯಕಾಂಡ 12ನೆಯ ಅಧ್ಯಾಯ)



ಪ್ರವಾದಿಯಾದ ಸಮುವೇಲನು ಎಣ್ಣೆಯ ಕೊಂಬನ್ನು ತಕ್ಕೊಂಡು ಬೇತ್ಲೆಹೇಮಿಗೆ ಹೋದ ಸಂಗತಿಯನ್ನು ನೀವೆಲ್ಲರೂ ಬಲ್ಲಿರಿ. ಇಷಯನ ಹಿರೀ ಮಗನಾದ ಎಲೀಯಾಬನು ಮುಂದೆ ಬಂದು ನಿಂತಾಗ, ಪ್ರವಾದಿಯು ಅವನ ರೂಪವನ್ನೂ ಎತ್ತರವನ್ನೂ ಕಂಡು, ಇವನೇ ಅರಸನಾಗತಕ್ಕವನೆಂದು ಎಣಿಸಿದನು. ಸಮುವೇಲನು ಅಜ್ಞಾನಿಯಲ್ಲ, ಬಾಲ್ಯದಿಂದಲೇ ದೇವರ ಸ್ವರವನ್ನು ಕೇಳಿದವನು. ಆದರೂ ಅವನ ಕಣ್ಣು ಅವನನ್ನು ಮೋಸಗೊಳಿಸಿತು. ದೇವರ ತಕ್ಕಡಿಯು ಬೇರೆ, ಅದರಲ್ಲಿ ತೂಗಲ್ಪಡುವದು ಹೃದಯವೊಂದೇ ಎಂಬ ಪಾಠವನ್ನು ಆ ವೃದ್ಧನು ಅಂದು ಹೊಸದಾಗಿ ಕಲಿಯಬೇಕಾಯಿತು. ಪ್ರವಾದಿಯ ಕಣ್ಣಿಗೇ ಹೀಗಾದರೆ ನಮ್ಮ ಕಣ್ಣಿನ ಗತಿ ಏನು? ಆದಕಾರಣ ಈ ತಿಂಗಳು ನಮ್ಮ ಕಣ್ಣಿನ ಮೆಚ್ಚಿಕೆಯನ್ನು, ಅದರಲ್ಲಿಯೂ ಬಣ್ಣದ ಮೆಚ್ಚಿಕೆಯನ್ನು, ದೇವರ ವಾಕ್ಯದ ಬೆಳಕಿನಲ್ಲಿ ಪರೀಕ್ಷಿಸೋಣ.

ಕೆಲವು ವರುಷಗಳ ಹಿಂದೆ ನಾವು ಎರೆನಾಡಿನ ಒಂದು ಹಳ್ಳಿಯಲ್ಲಿ ಆದಿತ್ಯವಾರದ ಶಾಲೆಯನ್ನು ನಡಿಸುತ್ತಿದ್ದೆವು. ಒಂದು ದಿನ ಮಕ್ಕಳಿಗೆ, ನಿಮಗೆ ಯಾವ ಬಣ್ಣವು ಮೆಚ್ಚಿಗೆಯೆಂದು ಕೇಳಿದೆವು. ಒಬ್ಬ ಹುಡುಗನು ಹಸುರು ಅಂದನು. ಯಾಕಂದರೆ ಬಿತ್ತಿದ ಬೀಜವು ಮೊಳೆತ ದಿನ ಅವನ ಅಪ್ಪನು ನಗುತ್ತಾನಂತೆ. ಒಬ್ಬಳು ಕೆಂಪು ಅಂದಳು. ಅದು ಅವಳ ಅಕ್ಕನ ಮದುವೆಯ ಸೀರೆಯ ಬಣ್ಣ. ಮೂಲೆಯಲ್ಲಿದ್ದ ಒಂದು ಚಿಕ್ಕ ಹುಡುಗಿಯು ಕಪ್ಪು ಅಂದಳು. ಮಕ್ಕಳು ನಕ್ಕರು. ಅವಳು ಅಂಜದೆ, "ನಮ್ಮ ಹೊಲ ಕಪ್ಪು, ನಮ್ಮ ಎಮ್ಮೆ ಕಪ್ಪು, ನಮ್ಮ ಅವ್ವನೂ ಕಪ್ಪು" ಅಂದಳು.

ಆಗ ನಾವು, ವಾಡಿಕೆಯ ಪ್ರಕಾರ, ಅಕ್ಷರವಿಲ್ಲದ ಪುಸ್ತಕವನ್ನು ತೆರೆದೆವು. ಈ ಪುಸ್ತಕವನ್ನು ನೀವು ನೋಡಿರಬಹುದು. ಇಂಗ್ಲೆಂಡಿನ ಪ್ರಸಂಗಿಯಾದ ಸ್ಪರ್ಜನನು 1866ರಲ್ಲಿ ಕಪ್ಪು, ಕೆಂಪು, ಬಿಳುಪು ಎಂಬ ಮೂರು ಹಾಳೆಗಳುಳ್ಳ ಇಂಥ ಪುಸ್ತಕದ ಕುರಿತು ಪ್ರಸಂಗಮಾಡಿದನು. ತರುವಾಯ ಬಂಗಾರದ ಬಣ್ಣದ ಹಾಳೆಯೂ ಅದಕ್ಕೆ ಕೂಡಿತು. ಓದು ಬಾರದವರಿಗೆ ಸುವಾರ್ತೆಯನ್ನು ತಿಳಿಸುವದಕ್ಕೆ ಅದು ಬಹಳ ಉಪಯೋಗವಾಗಿದೆ. ನಾವು ಮೊದಲನೆಯ ಹಾಳೆಯನ್ನು ಎತ್ತಿ ಹಿಡಿದು, ಕಪ್ಪಾದದ್ದು ಪಾಪ ತುಂಬಿದ ಹೃದಯವೆಂದು ಹೇಳಿದೆವು. ಆ ಹುಡುಗಿಯು ಹಾಳೆಯನ್ನು ನೋಡಿದಳು. ತನ್ನ ಮುಂಗೈಯನ್ನು ನೋಡಿದಳು. ಆ ಮೇಲೆ ಕೈಯನ್ನು ಲಂಗದ ನೆರಿಗೆಯೊಳಗೆ ಅಡಗಿಸಿಕೊಂಡಳು. ನಾವು ಅದನ್ನು ಕಂಡೆವು. ಕಂಡರೂ ಸುಮ್ಮನೆ ಕೆಂಪು ಹಾಳೆಗೆ ಹೋದೆವು.

ಪ್ರಿಯರೇ, ಒಂದು ಬಣ್ಣವು ನಮಗೆ ಹಿತವಾಗುವದೂ ಮತ್ತೊಂದು ಬೇಡವಾಗುವದೂ ಎಲ್ಲಿಂದ? ವಿಚಾರಿಸಿದರೆ ಮೂರು ಬುಗ್ಗೆಗಳು ಕಾಣುತ್ತವೆ.

ಮೊದಲನೆಯದು, ನಾವು ಕಂಡು ಅನುಭವಿಸಿದ ವಸ್ತುಗಳು. ಅಮೇರಿಕದ ಬರ್ಕ್ಲಿ ಎಂಬಲ್ಲಿಯ ವಿದ್ವಾಂಸರಾದ ಸ್ಟೀಫನ್ ಪಾಮರ್, ಕ್ಯಾರೆನ್ ಶ್ಲಾಸ್ ಎಂಬವರು 32 ಬಣ್ಣಗಳನ್ನು ಜನರಿಗೆ ತೋರಿಸಿ ಎಷ್ಟೆಷ್ಟು ಮೆಚ್ಚುವಿರೆಂದು ಕೇಳಿದರು. ಬೇರೆ ಕೆಲವರನ್ನು, ಈ ಬಣ್ಣವು ಯಾವ ವಸ್ತುಗಳನ್ನು ನೆನಪಿಗೆ ತರುತ್ತದೆಂದೂ, ಮತ್ತೆ ಕೆಲವರನ್ನು, ಆ ವಸ್ತುಗಳು ಎಷ್ಟು ಹಿತವೆಂದೂ ಕೇಳಿದರು. 2010ರಲ್ಲಿ ಅವರು ಪ್ರಕಟಿಸಿದ ಫಲವೇನಂದರೆ, ಮೆಚ್ಚುವ ವಸ್ತುಗಳ ಬಣ್ಣವನ್ನೇ ಜನರು ಹೆಚ್ಚಾಗಿ ಮೆಚ್ಚುತ್ತಾರೆ. ನೀಲಿಯು ನಿರ್ಮಲವಾದ ಆಕಾಶವನ್ನೂ ತಿಳಿನೀರನ್ನೂ ನೆನಪಿಗೆ ತರುವದರಿಂದ ಹಿತವಾಗುತ್ತದೆ. ಕೊಳೆತದ್ದನ್ನೂ ಹೊಲಸನ್ನೂ ನೆನಪಿಗೆ ತರುವ ಬಣ್ಣವು ಬೇಡವಾಗುತ್ತದೆ. ಈ ಮೆಚ್ಚಿಕೆಯು ಎಲ್ಲಾ ಜನಾಂಗಗಳಿಗೆ ಒಂದೇ ಅಲ್ಲ. ಆಫ್ರಿಕದ ನಮೀಬಿಯದಲ್ಲಿ ದನ ಮೇಯಿಸುವ ಹಿಂಬ ಜನರನ್ನು ಕೇಳಿದಾಗ, ಅವರ ಮೆಚ್ಚಿಕೆಯು ಆಂಗ್ಲರ ಮೆಚ್ಚಿಕೆಯ ಹಾಗೆ ಇರಲಿಲ್ಲವೆಂದು 2013ರಲ್ಲಿ ಪ್ರಕಟವಾಯಿತು. ನಮ್ಮ ಶಾಲೆಯ ಚಿಕ್ಕ ಹುಡುಗಿಯು ಈ ವಿದ್ವಾಂಸರ ಮಾತನ್ನು ಕೇಳಿದವಳಲ್ಲ. ಆದರೂ ಹೊಲ, ಎಮ್ಮೆ, ಅವ್ವ ಎಂದು ತನ್ನ ಮೆಚ್ಚಿಕೆಯ ಬೇರನ್ನು ಸರಿಯಾಗಿ ತೋರಿಸಿದಳು.

ಎರಡನೆಯದು, ನಮ್ಮ ಜೊತೆಯವರು. ನಮ್ಮ ದೇಶದ ಅನೇಕ ಕಡೆಗಳಲ್ಲಿ ಬಿಳೀ ಸೀರೆಯು ವಿಧವೆಯ ಗುರುತು; ನಮ್ಮ ಅನೇಕ ಸಭೆಗಳಲ್ಲಿಯಾದರೋ ಅದೇ ಬಿಳೀ ಸೀರೆಯನ್ನುಟ್ಟು ಮದಲಗಿತ್ತಿಯು ದೇವಾಲಯಕ್ಕೆ ಬರುತ್ತಾಳೆ. ಇದು ಸತ್ಯವೇದದ ಕಟ್ಟಳೆಯೆಂದು ಯಾರೂ ನೆನಸಬಾರದು. ಇಂಗ್ಲೆಂಡಿನಲ್ಲಿ ಮುಂಚೆ ಮದಲಗಿತ್ತಿಯರು ನಾನಾ ಬಣ್ಣಗಳನ್ನು ಉಡುತ್ತಿದ್ದರು. 1840ರಲ್ಲಿ ವಿಕ್ಟೋರಿಯ ರಾಣಿಯು ತನ್ನ ಮದುವೆಗೆ ಬಿಳುಪನ್ನು ಉಟ್ಟ ಮೇಲೆ ಆ ಪದ್ಧತಿಯು ಹಬ್ಬಿತು. ಹಾಗೆಯೇ, ಒಂದಕ್ಕೊಂದು ಪೈಪೋಟಿ ಮಾಡುವ ಬರ್ಕ್ಲಿ, ಸ್ಟ್ಯಾನ್‌ಫರ್ಡ್ ಎಂಬ ಎರಡು ವಿದ್ಯಾಲಯಗಳ ವಿದ್ಯಾರ್ಥಿಗಳು, ತಮ್ಮ ತಮ್ಮ ವಿದ್ಯಾಲಯದ ಮೇಲೆ ಎಷ್ಟು ಅಭಿಮಾನವೋ ಅದರ ಬಣ್ಣಗಳನ್ನು ಅಷ್ಟು ಹೆಚ್ಚಾಗಿ ಮೆಚ್ಚಿದರೆಂದು 2011ರಲ್ಲಿ ತೋರಿಬಂತು. ನಮ್ಮವರು ಮೆಚ್ಚಿದ್ದನ್ನು ನಾವು ಮೆಚ್ಚುತ್ತೇವೆ. ನಮ್ಮವರು ನಕ್ಕದ್ದಕ್ಕೆ ನಾಚುತ್ತೇವೆ.

ಮೂರನೆಯದು, ಲೋಕವು ಕಟ್ಟುವ ಬೆಲೆ. ಪೂರ್ವದಲ್ಲಿ ಧೂಮ್ರವರ್ಣವು ಅರಸರ ಬಣ್ಣವಾಗಿತ್ತು. ಕಾರಣವೇನು? ಅದು ಸಮುದ್ರದ ಒಂದು ಬಗೆಯ ಶಂಖದ ಹುಳಿನಿಂದ ಸಿಕ್ಕುತ್ತಿತ್ತು. ಫ್ರೀಡ್‌ಲೆಂಡರ್ ಎಂಬ ರಸಾಯನಶಾಸ್ತ್ರಜ್ಞನು 1909ರಲ್ಲಿ 12,000 ಹುಳುಗಳಿಂದ ಕೇವಲ 1.4 ಗ್ರಾಂ ಬಣ್ಣವನ್ನು ತೆಗೆದನು. ಇಷ್ಟು ದುರ್ಲಭವಾದ್ದರಿಂದ ಅದು ಘನವಾಯಿತು. ಫಿಲಿಪ್ಪಿ ಪಟ್ಟಣದಲ್ಲಿ ಪೌಲನ ಬೋಧನೆಗೆ ಹೃದಯ ತೆರೆದ ಲುದ್ಯಳು ಈ ಬಣ್ಣದ ವಸ್ತ್ರಗಳನ್ನು ಮಾರುತ್ತಿದ್ದಳು. ಆದರೆ 1856ರಲ್ಲಿ ಲಂಡನಿನ ಪರ್ಕಿನ್ ಎಂಬ 18 ವರುಷದ ಹುಡುಗನು ಚಳಿಜ್ವರದ ಔಷಧವಾದ ಕ್ವಿನೈನನ್ನು ಮಾಡಹೋಗಿ, ಕಲ್ಲಿದ್ದಲಿನ ಡಾಂಬರಿನ ಸರಕಿನಿಂದ ನೇರಿಳೆಯ ಬಣ್ಣವನ್ನು ಕಂಡುಹಿಡಿದನು. ಆ ಮೇಲೆ ಒಂದಾದ ಮೇಲೊಂದು ಬಣ್ಣವು ಕಾರ್ಖಾನೆಯಲ್ಲಿ ಹುಟ್ಟಿ, ಅರಸರ ಬಣ್ಣವು ಸಂತೆಯ ಬಣ್ಣವಾಯಿತು. ಬಣ್ಣದಲ್ಲಿ ಅರಸುತನವಿದ್ದಿದ್ದರೆ ಅದು ಎಲ್ಲಿ ಹೋಯಿತು? ಸಿಪಾಯಿಗಳು ಅದೇ ಬಣ್ಣದ ಬಟ್ಟೆಯನ್ನು ನಮ್ಮ ಕರ್ತನಿಗೆ ಹಾಸ್ಯಕ್ಕಾಗಿ ಹೊದಿಸಿದರೆಂದು ಮಾರ್ಕನು ಬರೆದಿದ್ದಾನೆ. ಬಟ್ಟೆಯಿಂದ ಆತನಿಗೆ ಘನವೂ ಬರಲಿಲ್ಲ, ಹಾಸ್ಯದಿಂದ ಆತನ ಘನವು ಕುಂದಲೂ ಇಲ್ಲ.

ಇಷ್ಟರ ವರೆಗೆ ಪಾಪವೇನೂ ಇಲ್ಲ. ಕಣ್ಣನ್ನು ಉಂಟುಮಾಡಿದಾತನೇ ಬಣ್ಣಗಳನ್ನೂ ಉಂಟುಮಾಡಿದನು. ಜಲಪ್ರಳಯವಾದ ಮೇಲೆ ತನ್ನ ಒಡಂಬಡಿಕೆಗೆ ಬಣ್ಣಬಣ್ಣದ ಬಿಲ್ಲನ್ನೇ ಗುರುತಾಗಿ ಇಟ್ಟನು. ಒಬ್ಬ ಸಹೋದರಿಯು ಹಸುರನ್ನು ಮೆಚ್ಚಲಿ, ಇನ್ನೊಬ್ಬಳು ನೀಲಿಯನ್ನು ಮೆಚ್ಚಲಿ; ಪ್ರಾರ್ಥನಾಲಯದ ಬಾಗಿಲಿಗೆ ಯಾವ ಬಣ್ಣವೆಂದು ಹಿರಿಯರು ಜಗಳವಾಡದಿರಲಿ. ಆದರೆ ಅನುಭವದಿಂದಲೂ ಜೊತೆಯವರಿಂದಲೂ ಲೋಕದ ಬೆಲೆಯಿಂದಲೂ ಬಂದ ಈ ಮೆಚ್ಚಿಕೆಯನ್ನು ನಾವು ದೇವರ ನ್ಯಾಯತೀರ್ಪೋ ಎಂಬಂತೆ ಮನುಷ್ಯರ ಮೇಲೆ ಹೊರಿಸುವಾಗ ಅದು ಪಾಪವಾಗುತ್ತದೆ.

ಎರೆಭೂಮಿಯ ಒಕ್ಕಲಿಗನನ್ನು ನೋಡಿರಿ. ತನ್ನ ಹೊಲದ ಮಣ್ಣು ಕಪ್ಪೆಂದು ಅವನು ಹಿಗ್ಗುತ್ತಾನೆ. ಯಾಕಂದರೆ ಅದು ಮಳೆಯ ತೇವವನ್ನು ಹಿಡಿದಿಟ್ಟು ಹಿಂಗಾರಿನ ಜೋಳವನ್ನು ಬೆಳಿಸುತ್ತದೆ. ಆಕಾಶದಲ್ಲಿ ಕರೀ ಮೋಡವು ಕಟ್ಟಿದರೆ ಕೈಮುಗಿಯುತ್ತಾನೆ. ಚಳಿಗೆ ಕರೀ ಕಂಬಳಿಯನ್ನು ಹೊದೆಯುತ್ತಾನೆ. ಆದರೆ ಮಗನಿಗೆ ಹೆಣ್ಣು ನೋಡಹೋದಾಗ ಅವನ ಮೊದಲನೆಯ ಪ್ರಶ್ನೆ ಏನು? ಹುಡುಗಿಯು ಪ್ರಾರ್ಥಿಸುವವಳೋ, ಸತ್ಯವಂತಳೋ ಎಂಬದಲ್ಲ, ಬೆಳ್ಳಗಿದ್ದಾಳೋ ಎಂಬದೇ. ಬೆಳ್ಳಗಿರುವದೆಲ್ಲಾ ಹಾಲಲ್ಲವೆಂಬ ಗಾದೆಯನ್ನು ಬಲ್ಲವನೂ ಈ ಒಂದು ಸ್ಥಳದಲ್ಲಿ ಅದನ್ನು ಮರೆಯುತ್ತಾನೆ. 1975ರಲ್ಲಿ ಮೈ ಬಿಳುಪಾಗುವದೆಂದು ಆಶೆ ತೋರಿಸುವ ಒಂದು ಲೇಪವು ನಮ್ಮ ದೇಶದ ಅಂಗಡಿಗಳಿಗೆ ಬಂತು. 2020ರಲ್ಲಿ ಅದರ ಹೆಸರಿನೊಳಗಿದ್ದ ಬಿಳುಪೆಂಬ ಅರ್ಥದ ಮಾತನ್ನು ತೆಗೆದುಬಿಟ್ಟರು. ಡಬ್ಬಿಯ ಹೆಸರು ಮಾರ್ಪಟ್ಟಿತು. ನಮ್ಮ ಹೃದಯವು ಮಾರ್ಪಟ್ಟಿತೋ? ವರನ ಮನೆಗೆ ಕಳುಹಿಸುವ ಕನ್ಯೆಯ ಚಿತ್ರವನ್ನು ಮುಂಚಿತವಾಗಿ ಬಿಳುಪುಮಾಡಿಸುವವರು ನಮ್ಮ ಸಭೆಗಳಲ್ಲಿ ಇಲ್ಲವೋ? ದೇವರು ಕೊಟ್ಟ ಮುಖವನ್ನು ಸುಳ್ಳಿನಿಂದ ಮುಚ್ಚಿ, ದೇವರ ಹೆಸರಿನಲ್ಲಿ ಮದುವೆಯನ್ನು ಕುದುರಿಸುವದು ಎಂಥ ಕೆಲಸ?

ಪರರನ್ನು ಗದರಿಸುವ ಮೊದಲು ನಮ್ಮ ತಪ್ಪನ್ನು ಒಪ್ಪಿಕೊಳ್ಳುತ್ತೇವೆ. ಒಂದು ಸಾರಿ ಬೇರೆ ಊರಿನ ಒಂದು ಕ್ರೈಸ್ತ ಮನೆಯವರು ನಮ್ಮ ಸಭೆಯ ಒಬ್ಬ ಕನ್ಯೆಯ ವಿಷಯವಾಗಿ ನಮ್ಮನ್ನು ಕೇಳಿ ಬರೆದರು. ನಾವು ಉತ್ತರದಲ್ಲಿ, ಗುಣವಂತೆ, ದುಡಿಯುವವಳು, ವಾಕ್ಯವನ್ನು ಚೆನ್ನಾಗಿ ಬಲ್ಲವಳು, ಬಣ್ಣ ಮಾತ್ರ ಸ್ವಲ್ಪ ಕಡಿಮೆ ಎಂದು ಬರೆದೆವು. ಅವರು ತಿರಿಗಿ ಬರೆಯಲಿಲ್ಲ. ಆ ಕನ್ಯೆಯ ತಾಯಿಯು ಮೂರು ವಾರ ಆರಾಧನೆಯಾದ ಮೇಲೆ ನಿಂತು, ಕಾಗದ ಬಂತೋ ಎಂದು ಕೇಳಿದಳು. ಬಣ್ಣ ಕಡಿಮೆಯೆಂದು ಬರೆದೆವಲ್ಲಾ, ಯಾರ ಅಳತೆಗೆ ಕಡಿಮೆ? ಸೃಷ್ಟಿಕರ್ತನು ಅಳತೆ ತಪ್ಪಿದನೋ? ಉಪದೇಶಿಯ ಕೈಯೇ ಹೀಗೆ ಬರೆದ ಮೇಲೆ ಒಕ್ಕಲಿಗನನ್ನು ಏನೆಂದು ಗದರಿಸೋಣ?

ದೇವರ ವಾಕ್ಯವು ಈ ವಿಷಯದಲ್ಲಿ ಮೌನವಾಗಿಲ್ಲ. ಐಗುಪ್ತಕ್ಕೆ ದಕ್ಷಿಣದಲ್ಲಿ, ನೈಲ್ ನದಿಯ ಮೇಲಣ ಭಾಗದಲ್ಲಿದ್ದ ಕೂಷ್ ದೇಶದ ಜನರು ಕಪ್ಪು ಮೈಯವರು. ಮೋಶೆಯು ಕೂಷ್ ದೇಶದ ಸ್ತ್ರೀಯನ್ನು ಮದುವೆಯಾದದ್ದರಿಂದ ಮಿರ್ಯಾಮಳೂ ಆರೋನನೂ ಅವನಿಗೆ ವಿರೋಧವಾಗಿ ಮಾತಾಡಿದರು. ಅವಳ ಬಣ್ಣವೇ ಕಾರಣವೆಂದು ವಾಕ್ಯವು ಬಿಚ್ಚಿ ಹೇಳುವದಿಲ್ಲ. ಆದರೆ ಮಿರ್ಯಾಮಳಿಗೆ ಬಂದ ಶಿಕ್ಷೆಯನ್ನು ಗಮನಿಸಿರಿ. ಅವಳ ಮೈಯು ತೊನ್ನಿನಿಂದ ಹಿಮದ ಹಾಗೆ ಬೆಳ್ಳಗಾಯಿತು! ಆಗ ಆ ಬಿಳುಪನ್ನು ಯಾರು ಮೆಚ್ಚಿದರು? ಹಾಗೆಯೇ, ಪ್ರವಾದಿಯಾದ ಯೆರೆಮೀಯನನ್ನು ಕೆಸರಿನ ಬಾವಿಯಲ್ಲಿ ಇಳಿಸಿದಾಗ, ಹಗ್ಗವು ಕಂಕುಳನ್ನು ಕೊಯ್ಯದಂತೆ ಹಳೇ ಬಟ್ಟೆಗಳನ್ನು ಸಹ ಕೊಟ್ಟು ಅವನನ್ನು ಮೇಲಕ್ಕೆತ್ತಿದವನು ಕೂಷ್ಯನಾದ ಎಬೆದ್ಮೆಲೆಕನು. ಅಂತಿಯೋಕ್ಯದ ಸಭೆಯ ಬೋಧಕರಲ್ಲಿ ನೀಗರನೆಂಬ ಸಿಮೆಯೋನನಿದ್ದನು. ಆ ಅಡ್ಡಹೆಸರಿಗೆ ಕಪ್ಪನೆಂದೇ ಅರ್ಥ. ಪರಮಗೀತದ ಕನ್ಯೆಯು ತಾನು ಕಪ್ಪಾಗಿದ್ದರೂ ಚೆಲುವೆಯೆಂದು ನಾಚದೆ ಹೇಳುತ್ತಾಳೆ. ಅಣ್ಣಂದಿರು ತನ್ನನ್ನು ದ್ರಾಕ್ಷೇ ತೋಟಗಳ ಕಾವಲಿಗೆ ಇಟ್ಟದ್ದರಿಂದ ಬಿಸಿಲು ತನ್ನನ್ನು ಕಂದಿಸಿತೆಂದು ತಿಳಿಸುತ್ತಾಳೆ. ಹೊಲದಲ್ಲಿ ಕಳೆ ಕೀಳುವ ನಮ್ಮ ಹೆಣ್ಣುಮಕ್ಕಳಿಗೆ ಈ ಮಾತನ್ನು ಬಿಡಿಸಿ ಹೇಳಬೇಕೋ?

ಬಿಸಿಲು ಉರಿಯುವ ದೇಶಗಳಲ್ಲಿ ಮೈಯ ಕಪ್ಪು ಕೊರತೆಯಲ್ಲ, ಕೊಡೆಯಾಗಿದೆ. ಚರ್ಮದಲ್ಲಿ ಮೆಲನಿನ್ ಎಂಬ ಬಣ್ಣವನ್ನು ಮಾಡುವ ಕಣಗಳು ಬಿಳಿಯರಲ್ಲಿಯೂ ಕರಿಯರಲ್ಲಿಯೂ ಹೆಚ್ಚುಕಡಿಮೆ ಒಂದೇ ಎಣಿಕೆಯಲ್ಲಿರುತ್ತವೆ. ಕರೀ ಮೈಯಲ್ಲಿ ಅವು ಹೆಚ್ಚಾಗಿ ಮೆಲನಿನನ್ನು ಮಾಡಿ, ಬಿಸಿಲಿನ ಕೇಡಿಗೆ ಅಡ್ಡವಾಗಿ ನಿಲ್ಲುತ್ತವೆ.

ಸತ್ಯವೇದದಲ್ಲಿಯೇ ಬಿಳುಪು ಶುದ್ಧತ್ವಕ್ಕೆ ಗುರುತಲ್ಲವೋ ಎಂದು ಒಬ್ಬನು ಕೇಳಾನು. ಹೌದು, ಬಿಳೀ ನಿಲುವಂಗಿಯ ಮಾತು ಉಂಟು. ಅದು ಬಟ್ಟೆಯ ಮಾತು, ಒಗೆದ ಬಟ್ಟೆಯ ಮಾತು, ಚರ್ಮದ ಮಾತಲ್ಲ. ಯೆಶಾಯನು ತನ್ನ ಮೊದಲನೆಯ ಅಧ್ಯಾಯದಲ್ಲಿ ಪಾಪಕ್ಕೆ ಬಣ್ಣ ಹೇಳುವಾಗ ಕಪ್ಪನ್ನು ಹೇಳಲಿಲ್ಲ, ಕಡುಗೆಂಪನ್ನು ಹೇಳಿದನು. ಪಾಪಕ್ಕೆ ತನ್ನದೇ ಬಣ್ಣವಿಲ್ಲ, ಪ್ರಿಯರೇ. ಅದು ಎಲ್ಲಾ ಮೈಗಳೊಳಗೂ ಒಂದೇ ಪಾಪ; ಅದನ್ನು ತೊಳೆಯುವ ರಕ್ತವೂ ಒಂದೇ.

ಆದ್ದರಿಂದ ಮೂರು ಕೆಲಸಗಳನ್ನು ಮಾಡೋಣ. ತಾಯಿತಂದೆಗಳೇ, ಮಕ್ಕಳ ಮುಂದೆ ಯಾರನ್ನೂ ಬಣ್ಣದಿಂದ ಕರೆಯಬೇಡಿರಿ. ಮೆಚ್ಚಿಕೆಯು ಜೊತೆಯವರಿಂದ ಹುಟ್ಟುವದಾದರೆ ಮಕ್ಕಳಿಗೆ ಮೊದಲನೆಯ ಜೊತೆಯವರು ನೀವೇ. ಸಂಬಂಧ ನೋಡುವವರೇ, ಬಣ್ಣದ ಪ್ರಶ್ನೆಯನ್ನು ಬಾಯಿಂದಲೂ ಕಾಗದದಿಂದಲೂ ತೆಗೆದುಬಿಡಿರಿ. ಬೋಧಕರೇ, ಅಕ್ಷರವಿಲ್ಲದ ಪುಸ್ತಕವನ್ನು ತೋರಿಸುವಾಗ ಮೊದಲನೆಯ ಹಾಳೆಯನ್ನು ದೀಪವಿಲ್ಲದ ಮನೆಯ ಕತ್ತಲೆಯೆಂದು ಹೇಳಿರಿ. ಕತ್ತಲೆಯು ಎಲ್ಲಾ ಮನೆಗಳಿಗೂ ಬರುತ್ತದೆ, ದೀಪವೂ ಎಲ್ಲಾ ಮನೆಗಳಿಗೆ ಬೇಕು. ನಾವು ಈಗ ಹಾಗೆಯೇ ಹೇಳುತ್ತೇವೆ.

ಆ ಚಿಕ್ಕ ಹುಡುಗಿಯು ಈಗ ದೊಡ್ಡವಳಾಗಿದ್ದಾಳೆ. ಅಂದು ಅವಳು ಕೈ ಅಡಗಿಸಿಕೊಂಡದ್ದನ್ನು ಕಂಡೂ ಸುಮ್ಮನಿದ್ದೆವೆಂದು ಈಚೆಗೆ ಅವಳ ಬಳಿಗೆ ಹೋಗಿ ಹೇಳಿದೆವು. ಅವಳು ಸ್ವಲ್ಪ ಹೊತ್ತು ಏನೂ ಅನ್ನಲಿಲ್ಲ. ಆ ಮೇಲೆ, "ಅಯ್ಯನವರೇ, ಅವ್ವನು ಈ ವರುಷ ತೀರಿಹೋದಳು. ಅವಳು ನನಗೆ ಕೊಟ್ಟದ್ದು ಈ ಬಣ್ಣವೇ" ಅಂದಳು.

ಹೃದಯಗಳನ್ನು ನೋಡುವ ದೇವರು ಸಮುವೇಲನ ಕಣ್ಣನ್ನು ತಿದ್ದಿದ ಹಾಗೆ ನಮ್ಮ ಕಣ್ಣುಗಳನ್ನೂ ತಿದ್ದಲಿ. ಮಿರ್ಯಾಮಳಿಗೋಸ್ಕರ ಮೋಶೆಯು ಬೇಡಿಕೊಂಡ ಹಾಗೆ, ನಾವು ನೋಯಿಸಿದವರು ನಮಗೋಸ್ಕರ ಬೇಡಿಕೊಳ್ಳುವ ಕೃಪೆಯನ್ನು ಆತನು ಅನುಗ್ರಹಿಸಲಿ. ಆಮೆನ್.