ಮುಪ್ಪಿನಲ್ಲಿ ಮಂದಹಾಸ



ದೀರ್ಘಾಯುಷ್ಯವನ್ನು ಬಯಸದವರಿಲ್ಲ, ವಾರ್ಧಕ್ಯವನ್ನು ಬಯಸುವವರಿಲ್ಲ. ಮಠಕ್ಕೆ ಬಂದ ಭಕ್ತರನ್ನು ‘ನೂರ್ಕಾಲ ಬಾಳಿರಿ’ ಎಂದು ಹರಸಿದರೆ ಅವರ ಮುಖ ಅರಳುತ್ತದೆ. ‘ಹಣ್ಣು ಹಣ್ಣು ಮುದುಕರಾಗಿರಿ’ ಎಂದು ಹರಸಿದರೆ ಮೆಚ್ಚುವವರು ವಿರಳ. ಆದರೆ ಎರಡು ಮಾತುಗಳ ಅರ್ಥವೂ ಒಂದೇ ಅಲ್ಲವೇ? ಕ್ರಿಸ್ತಪೂರ್ವ 44ರಲ್ಲಿ ರೋಮಿನ ಸಿಸೆರೋ ವಾರ್ಧಕ್ಯವನ್ನು ಕುರಿತು ಒಂದು ಸಂವಾದಗ್ರಂಥವನ್ನು ಬರೆದನು. ಅದರಲ್ಲಿ 84 ವರ್ಷದ ಕೇಟೋ ಎಂಬ ಹಿರಿಯನ ಬಾಯಿಂದ ಈ ವಿಪರ್ಯಾಸವನ್ನೇ ಆಡಿಸಿದ್ದಾನೆ. ಬೇಡಿ ಪಡೆದುದು ಕೈಸೇರಿದಾಗ ಗೊಣಗುವವರನ್ನು ಕಂಡರೆ ನಗೆ ಬರುವುದು ಸಹಜ. ಆ ನಗೆ ಮುಪ್ಪಡರಿದವರಿಗೇ ಬರುವುದು ಸಾಧ್ಯವೇ? ಬಂದರೆ ಅದು ಹಗುರತನವೋ, ವಿವೇಕವೋ? ಇದು ನಮ್ಮ ಇಂದಿನ ಜಿಜ್ಞಾಸೆ.

ಈ ವಿಷಯದಲ್ಲಿ ನಮ್ಮ ನುಡಿ ನಮಗಿಂತ ಮೊದಲೇ ನಕ್ಕಿದೆ. ‘ಚಾಳೀಸು’ ಎಂಬ ಮಾತನ್ನೇ ನೋಡಿರಿ. ಅದು ಉತ್ತರದ ಭಾಷೆಗಳಲ್ಲಿ ನಲವತ್ತು ಎಂಬರ್ಥದ ಸಂಖ್ಯೆ. ಆ ವಯಸ್ಸಿನ ಸುಮಾರಿಗೆ ಕಣ್ಣಿನ ಮಸೂರವು ಪೆಡಸಾಗಿ, ಹತ್ತಿರದ ಅಕ್ಷರಗಳು ಮಸುಕಾಗುತ್ತವೆ. ಜನರು ಆ ದೃಷ್ಟಿದೋಷಕ್ಕೂ ಅದಕ್ಕೆ ಧರಿಸುವ ಕನ್ನಡಕಕ್ಕೂ ವಯಸ್ಸಿನ ಹೆಸರನ್ನೇ ಇಟ್ಟುಬಿಟ್ಟರು. ತನ್ನ ಪ್ರಾಯವನ್ನು ಮುಚ್ಚಿಡುವವನ ಮೂಗಿನ ಮೇಲೆಯೇ ಅವನ ಪ್ರಾಯವು ಕುಳಿತಿರುತ್ತದೆ! ‘ಅರವತ್ತಕ್ಕೆ ಅರುಳು ಮರುಳು’ ಎಂಬ ಗಾದೆಯೂ ಉಂಟು. ವರಕವಿ ಬೇಂದ್ರೆಯವರು ಅರವತ್ತರ ಆಸುಪಾಸಿನಲ್ಲಿ ಪ್ರಕಟಿಸಿದ ತಮ್ಮ ಕಾವ್ಯಕ್ಕೆ ‘ಅರಳು ಮರಳು’ ಎಂದು ಹೆಸರಿಟ್ಟರು. ಸ್ವರವೊಂದು ಬದಲಾದೊಡನೆ ಬುದ್ಧಿಭ್ರಮೆ ಹೋಗಿ ಮರಳಿ ಅರಳುವುದು ಬಂದಿತು. 1958ರಲ್ಲಿ ಆ ಕೃತಿಗೆ ಸಾಹಿತ್ಯ ಅಕಾಡೆಮಿಯ ಪ್ರಶಸ್ತಿ ದೊರೆಯಿತು. ಹೀಯಾಳಿಕೆಯ ಮಾತನ್ನೇ ಹೂವಾಗಿಸಿದ ಈ ನಗೆಯನ್ನು ಹಗುರವೆನ್ನಲಾದೀತೇ?

ಫ್ರಾನ್ಸಿನ ದಾರ್ಶನಿಕ ಬರ್ಗಸನ್ 1900ರಲ್ಲಿ ನಗೆಯನ್ನೇ ವಿಷಯವಾಗಿಸಿಕೊಂಡು ಒಂದು ಗ್ರಂಥವನ್ನು ರಚಿಸಿದನು. ಜೀವಂತವಾಗಿ ಬಾಗಿ ಬಳುಕಬೇಕಾದುದು ಯಂತ್ರದಂತೆ ಬಿಗಿದು ನಿಂತಾಗ ನಗೆ ಹುಟ್ಟುತ್ತದೆಂಬುದು ಅವನ ವಿಚಾರದ ಸಾರ. ಇದನ್ನು ಒಪ್ಪಿದರೆ ಲೋಕವು ಮುದುಕರನ್ನು ಕಂಡು ನಗುವುದರ ಕಾರಣ ತಿಳಿಯುತ್ತದೆ. ಮಸೂರ ಪೆಡಸಾಯಿತು, ಮಂಡಿ ಬಿಗಿಯಿತು, ಬೆನ್ನು ಬಾಗಿದ್ದು ಹಾಗೆಯೇ ನಿಂತಿತು. ಆದರೆ ಇಲ್ಲಿಂದ ಒಂದು ಹೆಜ್ಜೆ ಮುಂದಿಟ್ಟು ಕೇಳಬೇಕು: ಬಿಗಿದ ತನ್ನ ಮಂಡಿಯನ್ನು ಕಂಡು ತಾನೇ ನಗುವವನು ಯಾರು? ಪೆಡಸಾದುದು ತನ್ನ ಪೆಡಸನ್ನು ಕಂಡು ನಗಲಾರದು. ನಗುವವನಲ್ಲಿ ಇನ್ನೂ ಬಿಗಿಯದ, ಇನ್ನೂ ಚಲಿಸುತ್ತಿರುವ ಯಾವುದೋ ಒಂದು ಇದೆಯೆಂದಾಯಿತು. ಬಸವಾದಿ ಶರಣರು ಬೋಧಿಸಿದ ಸ್ಥಾವರ ಜಂಗಮಗಳ ಭೇದವನ್ನು ಅರಿತ ನಿಮಗೆ ಇದನ್ನು ವಿವರಿಸಬೇಕಾಗಿಲ್ಲ. ದೇಹವು ದಿನದಿನಕ್ಕೆ ಸ್ಥಾವರವಾಗುತ್ತಿರುವಾಗ, ‘ನಾನು ಇಷ್ಟೇ ಅಲ್ಲ’ ಎಂದು ಒಳಗಿನ ಜಂಗಮವು ಕೊಡುವ ಸಾಕ್ಷಿಯೇ ಆ ನಗೆ.

ನಿಜವಾದ ಮುಪ್ಪು ಮನಸ್ಸು ಪೆಡಸಾಗುವುದು. ಸೊಸೆಗೆ ಉಗ್ರಾಣದ ಬೀಗದ ಕೈ ಕೊಡಲೊಲ್ಲದ ಅತ್ತೆ, ಸಂಘದ ಅಧ್ಯಕ್ಷಪೀಠವನ್ನು ಬಿಟ್ಟೇಳಲೊಲ್ಲದ ಹಿರಿಯರು, ಮಾತಿಗೊಮ್ಮೆ ‘ನಮ್ಮ ಕಾಲದಲ್ಲಿ ಹೀಗಿರಲಿಲ್ಲ’ ಎನ್ನುವವರು ಇವರೆಲ್ಲರ ಕಾಲು ಗಟ್ಟಿಯಾಗಿರಬಹುದು. ಆದರೆ ಅವರು ನಡೆಯುವುದನ್ನು ನಿಲ್ಲಿಸಿ ಬಹುಕಾಲವಾಗಿದೆ. ಇಂಥವರಿಗೆ ತಮ್ಮನ್ನು ಕಂಡು ನಗುವುದೊಂದು ಬಿಟ್ಟು ಉಳಿದೆಲ್ಲವೂ ಬರುತ್ತದೆ.

ಆದರೆ ಯಾರು ಯಾರನ್ನು ಕಂಡು ನಗಬೇಕೆಂಬುದರಲ್ಲಿ ಧರ್ಮಸೂಕ್ಷ್ಮವಿದೆ. ಭರತಮುನಿಯು ನಾಟ್ಯಶಾಸ್ತ್ರದಲ್ಲಿ ಹಾಸ್ಯವನ್ನು ಸ್ಮಿತದಿಂದ ಅತಿಹಸಿತದವರೆಗೆ ಆರು ಬಗೆಯಾಗಿ ವಿಂಗಡಿಸಿ, ಹಲ್ಲು ತೋರದ ಸ್ಮಿತವನ್ನು ಉತ್ತಮ ಪ್ರಕೃತಿಯವರಿಗೆ ಹೇಳಿದ್ದಾನೆ. ಹಲ್ಲುಗಳೆಲ್ಲ ಉದುರಿದ ಅಜ್ಜನವರಿಗೆ ಈ ಉತ್ತಮಿಕೆ ಅನಾಯಾಸವಾಗಿ ಲಭಿಸಿತೆಂದು ಅಜ್ಜನವರೇ ಹೇಳಿದರೆ ಅದು ಹಾಸ್ಯ. ಅದನ್ನೇ ಮೊಮ್ಮಗನು ನೆಂಟರ ಮುಂದೆ ಆಡಿದರೆ ಅಪಹಾಸ್ಯ. ಹೆತ್ತವರನ್ನು ಮಕ್ಕಳು ಪೋಷಿಸಬೇಕೆಂದು 2007ರಲ್ಲಿ ನಮ್ಮ ದೇಶ ಒಂದು ಕಾನೂನನ್ನೇ ಮಾಡಬೇಕಾಯಿತು. ಇಂಥ ಕಾಲದಲ್ಲಿ ವೃದ್ಧರ ತಡವರಿಕೆಯನ್ನು ಕಿರಿಯರು ವಿನೋದಕ್ಕೆ ಬಳಸುವುದು ಗಾಯದ ಮೇಲಿನ ಬರೆ. ಹೆಸರನ್ನು ಮರೆಯುವುದು ವಯೋಸಹಜ. ಮನೆಯ ದಾರಿಯನ್ನೇ, ಮಕ್ಕಳ ಮುಖವನ್ನೇ ಮರೆಯುವುದು ರೋಗ. ಆ ರೋಗಕ್ಕೆ ನಗೆಯಲ್ಲ, ವೈದ್ಯರೂ ತಾಳ್ಮೆಯೂ ಬೇಕು.

‘ಸ್ವಾಮಿಗಳೇ, ಮಂಡಿಯ ನೋವಿಗೆ ನಗಬಹುದು. ಐವತ್ತು ವರ್ಷ ಜೊತೆಗಿದ್ದವಳು ಹೋದ ಮೇಲೆ ಬರಿದಾದ ಮನೆಯಲ್ಲಿ ಹೇಗೆ ನಗಲಿ?’ ಎಂದು ಕೇಳುವವರುಂಟು. ಈ ಪ್ರಶ್ನೆಯನ್ನು ಉಪದೇಶದಿಂದ ಮುಚ್ಚಿಹಾಕಲು ನಮಗೆ ಮನಸ್ಸಿಲ್ಲ. ಶೋಕದ ಹೊತ್ತಿನಲ್ಲಿ ನಗಬೇಕೆಂದು ಯಾವ ಧರ್ಮವೂ ವಿಧಿಸದು. ನಗೆಯು ದುಃಖವನ್ನು ಅಲ್ಲಗಳೆಯುವುದಿಲ್ಲ. ಅದು ದುಃಖಕ್ಕೆ ಇಡೀ ಮನೆಯನ್ನು ಬಿಟ್ಟುಕೊಡದೆ ಒಂದು ಕೋಣೆಯನ್ನು ಕಾಯ್ದಿರಿಸುತ್ತದೆ. ಅಗಲಿದವಳು ಬದುಕಿದ್ದಾಗ ತನ್ನನ್ನು ಹೇಗೆ ಗದರುತ್ತಿದ್ದಳೆಂಬುದನ್ನು ಒಂದು ದಿನ ಆ ಮುದುಕನು ಮಕ್ಕಳಿಗೆ ನಗುತ್ತ ಹೇಳಿಯಾನು. ಅಂದು ಕಣ್ಣೀರೂ ಜೊತೆಗೇ ಬಂದೀತು, ಬರಲಿ. ಅಳುವಿನ ನಡುವೆ ಮೂಡಿದ ಆ ನಗೆಯಿಂದ, ಅವನ ಶುಶ್ರೂಷೆ ಮಾಡುವವರ ಹೊರೆಯೂ ಅಷ್ಟು ಇಳಿಯುತ್ತದೆ. ಕೈಲಾಗದ ವಯಸ್ಸಿನಲ್ಲಿಯೂ ಮನೆಗೆ ಸಲ್ಲಿಸಬಹುದಾದ ದಾಸೋಹ ಅದು.

ನಮ್ಮ ಪ್ರಸಾದನಿಲಯದಲ್ಲಿ ಓದಿದ ಹಳೆಯ ವಿದ್ಯಾರ್ಥಿಗಳೇ, ನೀವು ಒಂದೆಡೆ ಸೇರಿದಾಗ ಅಂದು ಪರೀಕ್ಷೆಯ ಫಲಿತಾಂಶವನ್ನು ಮಾತಾಡುತ್ತಿದ್ದಿರಿ, ಇಂದು ರಕ್ತಪರೀಕ್ಷೆಯ ಫಲಿತಾಂಶವನ್ನು ಮಾತಾಡುತ್ತೀರಿ. ಅಂದು ಸಾಲದೆಂದು ಮತ್ತೆ ಮತ್ತೆ ಕೇಳುತ್ತಿದ್ದ ಹುಗ್ಗಿಯನ್ನು ಇಂದು ವೈದ್ಯರ ಹೆಸರು ಹೇಳಿ ಬೇಡವೆನ್ನುತ್ತೀರಿ. ಇದನ್ನು ನೆನೆದು ಪಂಕ್ತಿಯಲ್ಲಿ ಕುಳಿತು ನಕ್ಕರೆ, ಬಂದುದನ್ನು ಪ್ರಸಾದವೆಂದು ಕೈಕೊಳ್ಳುವ ಪಾಠದ ಮುಂದಿನ ಅಧ್ಯಾಯವನ್ನು ಕಲಿತಂತಾಯಿತು.

ಐವತ್ತು ದಾಟಿದ ನಮಗೂ ಚಾಳೀಸು ಬಂದಿದೆ. ಪೂಜೆಯಲ್ಲಿ ಕರಸ್ಥಲದ ಇಷ್ಟಲಿಂಗದ ಮೇಲೆ ದೃಷ್ಟಿ ನಿಲ್ಲಿಸಿದಾಗ ಅಂಚು ಮಸುಕಾಗುತ್ತದೆ. ಕೈಯನ್ನು ತುಸು ದೂರ ಚಾಚಬೇಕಾಗುತ್ತದೆ. ದೂರದ ಬೆಟ್ಟ ಸ್ಪಷ್ಟ, ಅಂಗೈಯ ದೇವರು ಅಸ್ಪಷ್ಟ! ಈ ವಿನೋದವನ್ನು ಕಂಡು ಮಂದಹಾಸ ಮೂಡಿದಾಗ ತಿಳಿಯುತ್ತದೆ: ಲಿಂಗವು ಇದ್ದಲ್ಲಿಯೇ ಇದೆ, ಹಳೆಯದಾದುದು ಕಣ್ಣು ಮಾತ್ರ, ಇನ್ನು ಮೇಲೆ ಕಣ್ಣಿನಿಂದಾಚೆಯ ನೋಟವನ್ನು ಅಭ್ಯಸಿಸಬೇಕು. ಮುಪ್ಪು ಎಲ್ಲರಿಗೂ ಕೇಳದೆಯೇ ಬರುತ್ತದೆ. ಅದರೊಡನೆ ಈ ಮಂದಹಾಸವೂ ನಿಮ್ಮೆಲ್ಲರ ಮನೆಗೆ ಬರಲೆಂದು ಹಾರೈಸುತ್ತೇವೆ.