ಓದದೆ ಕೊಟ್ಟ ಅಭಿಪ್ರಾಯ

ಇನ್ನೊಬ್ಬರು ಬರೆದುದನ್ನು ಓದಿ ಅಭಿಪ್ರಾಯ ಹೇಳುವುದು ಉಪಕಾರವೋ, ಹೊಣೆಯೋ? ಉಪಕಾರವೆಂದೇ ನಾನು ಬಹುಕಾಲ ತಿಳಿದಿದ್ದೆ. ನೆರೆಮನೆಯ ಹುಡುಗನೊಬ್ಬ ಆ ತಿಳಿವಳಿಕೆಯನ್ನು ಅಲುಗಾಡಿಸಿದ.

ಆತ ಮುಂಬಯಿಯಲ್ಲೇ ಹುಟ್ಟಿ ಬೆಳೆದವನು. ಕನ್ನಡದಲ್ಲಿ ಚಿತ್ರಕಥೆಯೊಂದನ್ನು ಬರೆದು ನನಗೆ ಕಳಿಸಿದ್ದ. ಚಿತ್ರಕಥೆಗೆಂದೇ ಈಗ ಸಾಫ್ಟ್‌ವೇರ್‌ಗಳಿವೆ. ದೃಶ್ಯದ ತಲೆಬರಹ, ಕ್ರಿಯೆ, ಪಾತ್ರದ ಹೆಸರು, ಮಾತು ಇವನ್ನೆಲ್ಲ ಅವು ತಾವೇ ಅದರದರ ಜಾಗದಲ್ಲಿ ಕೂರಿಸುತ್ತವೆ. ಇಂಗ್ಲಿಷ್ ಚಿತ್ರಕಥೆಗಳಲ್ಲಿ 12 ಪಾಯಿಂಟಿನ ಕೊರಿಯರ್ ಅಕ್ಷರದ ಒಂದು ಪುಟಕ್ಕೆ ತೆರೆಯ ಮೇಲೆ ಸುಮಾರು ಒಂದು ನಿಮಿಷವೆಂಬುದು ವಾಡಿಕೆಯ ಲೆಕ್ಕ. ಯಾವ ಪಾತ್ರಕ್ಕೆ ಎಷ್ಟು ಮಾತು, ಯಾವ ದೃಶ್ಯ ಎಷ್ಟು ಉದ್ದ ಎಂಬ ಪಟ್ಟಿಯನ್ನೂ ಕ್ಷಣದಲ್ಲಿ ತೆಗೆಯಬಹುದು. ಓದುವವನು ಅಲ್ಲಲ್ಲಿಯೇ ಟಿಪ್ಪಣಿ ಅಂಟಿಸಬಹುದು.

ನನಗೂ ಅದು ಬಲು ಅನುಕೂಲವಾಯಿತು. ನೂರಕ್ಕೂ ಮಿಕ್ಕ ಪುಟಗಳಲ್ಲಿ ಇಪ್ಪತ್ತನ್ನು ಓದಿದೆ, ಮಿಕ್ಕುದಕ್ಕೆ ಪಟ್ಟಿಯನ್ನು ನೋಡಿದೆ. "ತಾಯಿಗೆ ಮಾತೇ ಇಲ್ಲ, ಪಾತ್ರ ಬೆಳೆದಿಲ್ಲ" ಎಂದು ಟಿಪ್ಪಣಿ ಬರೆದು ಹಿಂತಿರುಗಿಸಿದೆ. ಮರುದಿನ ಆತ ಬಾಗಿಲಲ್ಲೇ ನಿಂತು ಕೇಳಿದ: "ಮಾಮ, ತಾಯಿ ಕೊನೇಲಿ ಒಂದೇ ಒಂದು ಸಲ ಬಾಯಿ ಬಿಡ್ತಾಳಲ್ಲ, ಅದು ಸರಿಬಂದಿದೆಯಾ?"

ನಾನು ಅಲ್ಲಿಗೆ ಹೋಗಿಯೇ ಇರಲಿಲ್ಲ. "ಪರವಾಗಿಲ್ಲ ಕಣೋ" ಎಂದುಬಿಟ್ಟೆ. ಓದದಿದ್ದುದು ಸೋಮಾರಿತನ, ಓದಿದಂತೆ ಉತ್ತರಿಸಿದ್ದು ಸುಳ್ಳು.

ತಪ್ಪು ಯಂತ್ರದ್ದೆನ್ನೋಣವೆ? 1982ರಲ್ಲಿ ಚಕ್ ರಾಸ್ ಎಂಬ ಅಮೆರಿಕದ ಲೇಖಕ ತನ್ನ ಪ್ರಯೋಗವೊಂದನ್ನು ಪ್ರಕಟಿಸಿದ. 1942ರ ಪ್ರಸಿದ್ಧ ಚಿತ್ರ 'ಕಾಸಾಬ್ಲಾಂಕಾ'ದ ಚಿತ್ರಕಥೆಗೆ ಅದರ ಮೂಲ ನಾಟಕದ ಹೆಸರನ್ನಿಟ್ಟು 217 ಏಜೆನ್ಸಿಗಳಿಗೆ ಕಳಿಸಿದ್ದ. ಬಹಳ ಮಂದಿ ಓದದೆಯೇ ಮರಳಿಸಿದರು. ಗುರುತಿಸಿದವರು 33. ಓದಿದೆವೆಂದು ಹೇಳಿ ಬೇಡವೆಂದವರು 38. ಅದು ಬೆರಳಚ್ಚು ಯಂತ್ರದ ಕಾಲ. ಅಂದರೆ ಓದದೆ ತೀರ್ಪು ಕೊಡುವ ಚಟ ಸಾಫ್ಟ್‌ವೇರ್‌ಗಿಂತ ಹಳೆಯದು. ಸಾಫ್ಟ್‌ವೇರ್ ಆ ಚಟಕ್ಕೆ ಅಂಕಿಗಳ ಗಾಂಭೀರ್ಯವನ್ನು ತೊಡಿಸಿತು, ಅಷ್ಟೆ.

"ಅನ್ನ ಬೆಂದಿದೆಯೆ ಎಂದು ನೋಡಲು ಒಂದು ಅಗುಳು ಸಾಲದೆ?" ಎಂದು ಕೇಳುವವರಿದ್ದಾರೆ. ಪಾತ್ರೆಯ ಅಗುಳುಗಳಿಗೆಲ್ಲ ಒಂದೇ ಉರಿ ತಗಲಿರುತ್ತದೆ, ಆದ್ದರಿಂದ ಸಾಕು. ಕಥೆಯಲ್ಲಿ ಹಾಗಲ್ಲ. ಮೊದಲ ದೃಶ್ಯದ ಮೌನಕ್ಕೆ ಅರ್ಥ ಬರುವುದು ಕೊನೆಯ ದೃಶ್ಯದ ಮಾತಿನಿಂದ. 1955ರ 'ಪಥೇರ್ ಪಾಂಚಾಲಿ'ಗೆ ಸತ್ಯಜಿತ್ ರಾಯ್ ಪೂರ್ಣ ಚಿತ್ರಕಥೆಯನ್ನೇ ಬರೆದಿರಲಿಲ್ಲ. ಅವರ ಬಳಿ ಇದ್ದುದು ಚಿತ್ರಗಳೂ ಟಿಪ್ಪಣಿಗಳೂ ತುಂಬಿದ ಒಂದು ಪುಸ್ತಕ. ಮಾತಿನ ಸಾಲುಗಳನ್ನು ಎಣಿಸುವ ಪಟ್ಟಿ ಅಂತಹುದರ ಮುಂದೆ ಏನು ಹೇಳೀತು?

ಹಾಗಾದರೆ ಬಂದುದನ್ನೆಲ್ಲ ಕೊನೆಯವರೆಗೆ ಓದಲೇಬೇಕೆ? ದಿನಕ್ಕೆ ಹತ್ತು ಹಸ್ತಪ್ರತಿ ಬರುವವನಿಗೆ ಅದು ಆಗದ ಮಾತು. ಆದರೆ "ಇಪ್ಪತ್ತು ಪುಟ ಓದಿದೆ, ಮುಂದೆ ಓದುವ ಮನಸ್ಸಾಗಲಿಲ್ಲ" ಎನ್ನಲು ಯಾರ ಅಡ್ಡಿಯೂ ಇಲ್ಲ. ಬರೆದವನಿಗೆ ಅದೂ ಉಪಯುಕ್ತವೇ. ಎಲ್ಲಿಯವರೆಗೆ ಓದಿದೆವೋ ಅಲ್ಲಿಯವರೆಗೆ ಮಾತ್ರ ನಮ್ಮ ಅಭಿಪ್ರಾಯದ ಅಧಿಕಾರ.

ವಾರದ ಮೇಲೆ ಪೂರ್ತಿ ಓದಿ, ಹುಡುಗನನ್ನು ಕರೆದು ನಿಜ ಹೇಳಿದೆ. ನಡುವಿನ ಮೂವತ್ತು ಪುಟ ಎಳೆದಾಟವೆಂದೆ. ತಾಯಿಯ ಆ ಒಂದು ಮಾತಿಗೆ ಕಣ್ಣು ತೇವವಾಯಿತೆಂದೂ ಹೇಳಿದೆ. ಆತ ತುಸು ಹೊತ್ತು ಸುಮ್ಮನಿದ್ದು, "ಹಾಗಾದ್ರೆ ಮೊದಲು ಬರೆದದ್ದನ್ನ ಅಳಿಸಿಬಿಡ್ಲಾ ಮಾಮ?" ಎಂದ.

ಬೇಡ, ಇರಲಿ ಎಂದೆ. ಮುಂದೆ ಯಾರದಾದರೂ ಹಸ್ತಪ್ರತಿ ನನ್ನ ಕೈಗೆ ಬಂದಾಗ ಆ ಟಿಪ್ಪಣಿಯ ನೆನಪು ನನಗೆ ಬೇಕು.