ಸೆರೆಯಲ್ಲಿರುವ ಜೀವಕ್ಕೆ ಸಲ್ಲಬೇಕಾದ ಬಿಸಿಲು

ಅಹಿಂಸೆಯೆಂದರೆ ಕೊಲ್ಲದಿರುವುದು ಎಂದಷ್ಟೇ ತಿಳಿಯುವ ರೂಢಿ ಸಮಾಜದಲ್ಲಿ ಬಲವಾಗಿದೆ. ಆದರೆ ಶ್ರಾವಕನ ಅಹಿಂಸಾಣುವ್ರತವನ್ನು ವಿವರಿಸಿದ ಆಚಾರ್ಯರು ಅಷ್ಟಕ್ಕೇ ನಿಲ್ಲಲಿಲ್ಲ. ಉಮಾಸ್ವಾಮಿಗಳ ತತ್ತ್ವಾರ್ಥಸೂತ್ರದ ಏಳನೆಯ ಅಧ್ಯಾಯದಲ್ಲಿ ಈ ವ್ರತಕ್ಕೆ ಐದು ಅತಿಚಾರಗಳನ್ನು ಹೇಳಿದೆ: ಬಂಧ, ವಧ, ಛೇದ, ಅತಿಭಾರಾರೋಪಣ, ಅನ್ನಪಾನನಿರೋಧ. ಎಂದರೆ ಕಟ್ಟಿಹಾಕುವುದು, ಹೊಡೆಯುವುದು, ಅಂಗಗಳನ್ನು ಕತ್ತರಿಸುವುದು, ಮಿತಿಮೀರಿ ಹೊರೆ ಹೊರಿಸುವುದು, ಅನ್ನನೀರುಗಳನ್ನು ತಡೆಯುವುದು. ಇಲ್ಲಿ ‘ವಧ’ವೆಂಬ ಮಾತಿಗೂ ಕೊಲೆಯೆಂದು ಅರ್ಥವಲ್ಲ, ಕೋಲು ಚಾಟಿಗಳಿಂದ ಹೊಡೆಯುವುದೆಂದು ಪೂಜ್ಯಪಾದರು ಸರ್ವಾರ್ಥಸಿದ್ಧಿಯಲ್ಲಿ ಸ್ಪಷ್ಟಪಡಿಸಿದ್ದಾರೆ. ಆದ್ದರಿಂದ ಈ ಐದೂ ದೋಷಗಳು ಪ್ರಾಣ ತೆಗೆಯುವವನಿಗೆ ಹೇಳಿದವಲ್ಲ; ಒಂದು ಜೀವವನ್ನು ತನ್ನ ವಶದಲ್ಲಿರಿಸಿಕೊಂಡವನಿಗೆ ಹೇಳಿದವು.

ಆಚಾರ್ಯರ ಕಾಲದ ಗೃಹಸ್ಥನ ವಶದಲ್ಲಿದ್ದವು ಎತ್ತು, ಎಮ್ಮೆ, ಕುದುರೆಗಳು. ಅವು ಬಯಲಿನಲ್ಲಿ ಮೇಯುತ್ತಿದ್ದುದರಿಂದ ಅವುಗಳಿಗೆ ಬಿಸಿಲು ದೊರೆಯಿತೇ ಎಂದು ಯಾರೂ ಕೇಳಬೇಕಾಗಿರಲಿಲ್ಲ. ಇಂದು ವಿದೇಶಗಳಲ್ಲಿ ನೆಲೆಸಿರುವ ಜೈನ ಕುಟುಂಬಗಳ ಮಕ್ಕಳು ತಮ್ಮ ಸಹಪಾಠಿಗಳ ಮನೆಗಳಲ್ಲಿ ಬೇರೆಯೇ ಬಗೆಯ ಸಾಕುಪ್ರಾಣಿಗಳನ್ನು ಕಾಣುತ್ತಾರೆ. ಅವುಗಳಲ್ಲಿ ಒಂದು ‘ಬಿಯರ್ಡೆಡ್ ಡ್ರಾಗನ್’ ಎಂಬ ಸರೀಸೃಪ. ಕೆರಳಿದಾಗ ಗಂಟಲಿನ ಮುಳ್ಳುಚರ್ಮವನ್ನು ಉಬ್ಬಿಸಿ ಕಪ್ಪಾಗಿಸುವುದರಿಂದ ಇದಕ್ಕೆ ಆ ಹೆಸರು. ಕನ್ನಡದಲ್ಲಿ ಗಡ್ಡದ ಓತಿ ಎನ್ನಬಹುದು. ಗಾಜಿನ ಪೆಟ್ಟಿಗೆಯಲ್ಲಿ ದೀಪದ ಕೆಳಗೆ ಬಾಳುವ ಈ ಪ್ರಾಣಿಯನ್ನು ಆಗಾಗ ಹೊರಗೆ ತಂದು ಬಿಸಿಲಿನಲ್ಲಿಡುವುದುಂಟು. ಇದು ಮನರಂಜನೆಯೋ, ದಯೆಯೋ ಅಥವಾ ತೀರಿಸಲೇಬೇಕಾದ ಋಣವೋ ಎಂಬುದು ಇಲ್ಲಿ ವಿಚಾರಿಸತಕ್ಕ ಪ್ರಶ್ನೆ.

ಗಡ್ಡದ ಓತಿಯ ತವರು ಆಸ್ಟ್ರೇಲಿಯದ ಒಳನಾಡಿನ ಒಣ ಪ್ರದೇಶ. ಕರ್ನಾಟಕದ ಬೇಲಿಗಳ ಮೇಲೆ ತಲೆಯಾಡಿಸುವ ಓತಿಕ್ಯಾತ, ಬಂಡೆಬೆಟ್ಟಗಳ ಮೇಲೆ ಮೈಕಾಯಿಸುವ ಬಂಡೆ ಓತಿ, ಇವೆಲ್ಲವೂ ಅದರ ಕುಟುಂಬಕ್ಕೇ ಸೇರಿದವು. ಬೆಳಗಿನ ಹೊತ್ತು ಓತಿಯೊಂದು ಕಲ್ಲಿನ ಮೇಲೆ ಮೈಚಾಚಿ ನಿಶ್ಚಲವಾಗಿರುವುದನ್ನು ಕಂಡವರು ಅದನ್ನು ಸೋಮಾರಿಯೆಂದು ನಗಬಹುದು. ವಾಸ್ತವವಾಗಿ ಆ ಹೊತ್ತಿನಲ್ಲಿ ಅದು ತನ್ನ ಜೀವನದ ಮುಖ್ಯ ಕಾರ್ಯವೊಂದನ್ನು ನಡೆಸುತ್ತಿರುತ್ತದೆ. ಹೊರಗಿನ ಶಾಖವನ್ನು ಪಡೆಯದೆ ಅದರ ರಕ್ತ ಬಿಸಿಯಾಗುವುದಿಲ್ಲ, ತಿಂದದ್ದು ಅರಗುವುದಿಲ್ಲ.

ಶಾಖವೊಂದನ್ನೇ ಬಿಸಿಲು ಕೊಡುವುದೆಂದು ಭಾವಿಸಬಾರದು. ಸೂರ್ಯನ ಬೆಳಕಿನಲ್ಲಿ ಕಣ್ಣಿಗೆ ಕಾಣದ ಅತಿನೇರಳೆ ಕಿರಣಗಳಿವೆ. ಅವುಗಳಲ್ಲಿ ‘ಬಿ’ ವರ್ಗದ ಕಿರಣಗಳು ಚರ್ಮಕ್ಕೆ ತಾಗಿದಾಗ ದೇಹದಲ್ಲಿ ಡಿ೩ ಜೀವಸತ್ತ್ವ ಉತ್ಪನ್ನವಾಗುತ್ತದೆ. ಅದಿಲ್ಲದಿದ್ದರೆ ಆಹಾರದಲ್ಲಿ ಕ್ಯಾಲ್ಸಿಯಂ ಎಷ್ಟಿದ್ದರೂ ದೇಹ ಅದನ್ನು ಸರಿಯಾಗಿ ಹೀರಿಕೊಳ್ಳಲಾರದು. ಆಗ ಶರೀರವು ತನ್ನ ಎಲುಬುಗಳಲ್ಲಿರುವ ಕ್ಯಾಲ್ಸಿಯಮನ್ನೇ ಕರಗಿಸಿ ಬಳಸತೊಡಗುತ್ತದೆ. ದವಡೆ ಮೆತ್ತಗಾಗುತ್ತದೆ, ಕಾಲುಗಳು ಬಾಗುತ್ತವೆ, ಮೈಯಲ್ಲಿ ನಡುಕ ಹುಟ್ಟುತ್ತದೆ. ಕೊನೆಗೆ ಪ್ರಾಣಿ ಎದ್ದು ನಿಲ್ಲಲಾರದಂತಾಗುತ್ತದೆ. ತಟ್ಟೆಯ ತುಂಬ ಸೊಪ್ಪು ತರಕಾರಿ ಇಟ್ಟ ಮನೆಯಲ್ಲಿಯೇ ಇದು ನಡೆಯಬಹುದು.

ಈ ಸಂಗತಿಯನ್ನು ಅರಿತ ಮೇಲೆ ಅನ್ನಪಾನನಿರೋಧವೆಂಬ ಅತಿಚಾರದ ವ್ಯಾಪ್ತಿ ಹಿಗ್ಗುತ್ತದೆ. ಬಾಯಿಯ ಮೂಲಕ ಒಳಸೇರುವುದು ಮಾತ್ರ ಆಹಾರವಲ್ಲ. ಯಾವುದಿಲ್ಲದೆ ಆಹಾರವು ಆಹಾರವಾಗಲಾರದೋ ಅದೂ ಆಹಾರಕ್ಕೆ ಸಮಾನ. ಸ್ವತಂತ್ರವಾಗಿದ್ದ ಓತಿ ಬಿಸಿಲನ್ನು ಯಾರಿಂದಲೂ ಬೇಡಬೇಕಾಗಿರಲಿಲ್ಲ. ಅದನ್ನು ಗಾಜಿನೊಳಗೆ ಇರಿಸಿದವನು ಬಂಧವೆಂಬ ಒಂದು ದೋಷವನ್ನು ಮಾಡಿಯಾಯಿತು. ಬಿಸಿಲನ್ನೂ ಕೊಡದೆ ಹೋದರೆ ಎರಡನೆಯ ದೋಷವೂ ಅದರ ಬೆನ್ನಿಗೇ ಬರುತ್ತದೆ.

ಗಾಜಿನ ಕಿಟಕಿಯ ಬಳಿ ಪೆಟ್ಟಿಗೆಯನ್ನಿಟ್ಟರೆ ಸಾಲದೇ ಎಂದು ಕೇಳುವವರಿದ್ದಾರೆ. ಸಾಲದು. ಸಾಮಾನ್ಯ ಗಾಜು ಬೆಳಕನ್ನೂ ಶಾಖವನ್ನೂ ಒಳಗೆ ಬಿಡುತ್ತದೆ, ಬೇಕಾದ ಆ ಕಿರಣಗಳನ್ನು ಬಹುಮಟ್ಟಿಗೆ ತಡೆಯುತ್ತದೆ. ಇನ್ನು ಗಾಜಿನ ಪೆಟ್ಟಿಗೆಯನ್ನೇ ಎತ್ತಿ ಹೊರಗಿನ ಬಿಸಿಲಿನಲ್ಲಿಟ್ಟರೆ ಕೆಲವೇ ನಿಮಿಷಗಳಲ್ಲಿ ಒಳಗಿನ ಶಾಖವೇರಿ ಪ್ರಾಣಿ ಸಾಯಬಹುದು. ಅತಿನೇರಳೆ ಕಿರಣಗಳನ್ನು ಸೂಸುವ ವಿಶೇಷ ದೀಪಗಳಿವೆ. ಅವು ಅವಶ್ಯವೂ ಹೌದು. ಆದರೆ ಆರು ತಿಂಗಳು, ವರ್ಷ ಕಳೆಯುವಷ್ಟರಲ್ಲಿ ಅನೇಕ ದೀಪಗಳಲ್ಲಿ ಆ ಕಿರಣಗಳ ಪ್ರಮಾಣ ಕುಗ್ಗುತ್ತದೆ. ಬೆಳಕು ಮಾತ್ರ ಮೊದಲಿನಂತೆಯೇ ತೋರುತ್ತಿರುತ್ತದೆ. ನೋಡುವವನ ಕಣ್ಣಿಗೆ ದೀಪ ಉರಿಯುತ್ತಿದೆ, ಅದರ ಕೆಳಗಿರುವ ಜೀವಕ್ಕೆ ಉಪವಾಸ. ಕಾಲಕಾಲಕ್ಕೆ ದೀಪವನ್ನು ಬದಲಿಸದವನ ದಯೆ ಅಂಥ ದೀಪವೇ ಸರಿ.

ಆದುದರಿಂದ ಬಿಸಿಲು ಕೊಡಬೇಕು. ಹೇಗೆ ಕೊಡಬೇಕೆಂಬುದು ಮುಂದಿನ ಮಾತು. ಅಮೃತಚಂದ್ರಸೂರಿಗಳು ಪುರುಷಾರ್ಥಸಿದ್ಧ್ಯುಪಾಯದಲ್ಲಿ ಹಿಂಸೆಯ ನಿರ್ಣಯವನ್ನು ಪ್ರಮಾದದ ಮೇಲೆ ನಿಲ್ಲಿಸಿದ್ದಾರೆ. ಎಚ್ಚರದಿಂದ ನಡೆಯುವವನಿಂದ ಅಕಸ್ಮಾತ್ ಪ್ರಾಣಹಾನಿಯಾದರೂ ಅದು ಹಿಂಸೆಯೆನಿಸದು. ಎಚ್ಚರಗೇಡಿಯು ಯಾವ ಜೀವವನ್ನು ಕೊಲ್ಲದಿದ್ದರೂ ಹಿಂಸೆಯಿಂದ ಪಾರಾಗಲಾರನು. ಈ ಒರೆಗಲ್ಲಿಗೆ ಹಚ್ಚಿ ನೋಡಿದರೆ ಓತಿಯನ್ನು ಅಂಗಳಕ್ಕೆ ತರುವ ಕಾರ್ಯದಲ್ಲಿ ಯತ್ನಾಚಾರಕ್ಕೆ ಎಷ್ಟು ಅವಕಾಶವಿದೆ ಎಂಬುದು ತಿಳಿಯುತ್ತದೆ.

ಮೊದಲನೆಯದು ಹವೆ. ಚಳಿಯ ದಿನ, ಗಾಳಿ ಬೀಸುವ ದಿನ ಹೊರತರಬಾರದು. ಹೊರಗಿನ ಉಷ್ಣತೆ ೨೫ ಡಿಗ್ರಿ ಸೆಲ್ಸಿಯಸ್ಸಿನ ಆಸುಪಾಸಿನಲ್ಲಿದ್ದು ಬಿಸಿಲು ಹಿತವಾಗಿರುವ ಹೊತ್ತು ಒಳ್ಳೆಯದು. ಎರಡನೆಯದು ಆವರಣ. ಗಾಜಿನದಲ್ಲ, ತಂತಿಬಲೆಯದು, ಮೇಲುಗಡೆಯೂ ಮುಚ್ಚಿರಬೇಕು, ಏಕೆಂದರೆ ಹದ್ದು, ಕಾಗೆ, ಬೆಕ್ಕು, ನಾಯಿಗಳಿಗೆ ಈ ಪ್ರಾಣಿ ಸುಲಭದ ತುತ್ತು. ಮೂರನೆಯದು ನೆರಳು. ಆವರಣದ ಅರ್ಧ ಭಾಗಕ್ಕಾದರೂ ನೆರಳಿರಬೇಕು, ನೀರಿನ ಬಟ್ಟಲಿರಬೇಕು. ಬಿಸಿಲು ಕಾಯುವಾಗ ಅದು ಬಾಯಿ ತೆರೆಯುವುದು ಸಹಜ. ತೆರೆದ ಬಾಯಿಯಲ್ಲಿಯೇ ನೆರಳನ್ನು ಹುಡುಕಿ ಅಲೆಯತೊಡಗಿದರೆ ಸಾಕೆಂದು ತಿಳಿದು ಒಳಗೊಯ್ಯಬೇಕು. ಮೊದಲ ದಿನಗಳಲ್ಲಿ ಹತ್ತು ಹದಿನೈದು ನಿಮಿಷ ಸಾಕು. ಅಭ್ಯಾಸವಾದಂತೆ ಅರ್ಧ ಗಂಟೆಯವರೆಗೆ ಹೆಚ್ಚಿಸಬಹುದು. ಮುಟ್ಟಿದ ಕೈಗಳನ್ನು ಮಕ್ಕಳು ಸಾಬೂನಿನಿಂದ ತೊಳೆಯಬೇಕು, ಸರೀಸೃಪಗಳ ಮೈಯಲ್ಲಿ ಮನುಷ್ಯರಿಗೆ ಹೊಟ್ಟೆನೋವು ಭೇದಿಗಳನ್ನು ತರುವ ಸೂಕ್ಷ್ಮಾಣುಗಳಿರುತ್ತವೆ.

ನಾಲ್ಕನೆಯದು ನೆಲ. ಇಲ್ಲಿ ಶ್ರಾವಕನ ಪರಂಪರಾಗತ ಎಚ್ಚರವೂ ಪಶುವೈದ್ಯರ ಎಚ್ಚರವೂ ಒಂದಾಗುತ್ತವೆ. ಹುಲ್ಲುಹಾಸಿಗೆ ಕೀಟನಾಶಕ, ಕಳೆನಾಶಕ ಸಿಂಪಡಿಸಿದ್ದರೆ ಅದು ಓತಿಗೆ ವಿಷ. ಉತ್ತರ ಅಮೆರಿಕದ ಕೆಲವು ಜಾತಿಯ ಮಿಂಚುಹುಳುಗಳಲ್ಲಿ ಎಂಥ ನಂಜಿದೆಯೆಂದರೆ ಒಂದು ಹುಳವನ್ನು ನುಂಗಿದರೂ ಈ ಪ್ರಾಣಿ ಸಾಯಬಹುದು. ಹುಲ್ಲಿನಲ್ಲಿ ಇರುವೆಗಳೂ ಇತರ ತ್ರಸಜೀವಗಳೂ ಇದ್ದೇ ಇರುತ್ತವೆ. ಅವುಗಳ ಮೇಲೆ ಆವರಣವನ್ನಿಡುವುದು, ಓತಿಯನ್ನು ಬಿಡುವುದು ಅವುಗಳ ಪಾಲಿಗೆ ಮೃತ್ಯು. ಆದ್ದರಿಂದ ಮೆತ್ತನೆಯ ಪೊರಕೆಯಿಂದ ಗುಡಿಸಿ, ಕಣ್ಣಿಟ್ಟು ನೋಡಿ, ಅಂಗೈಯಿಂದ ಬಿಸಿಯನ್ನು ಪರೀಕ್ಷಿಸಿದ ಕಲ್ಲುಹಾಸಿನ ಮೇಲೆ, ತಳವಿರುವ ಆವರಣವನ್ನು ಇಡುವುದು ಮೇಲು. ನೋಡಿ ಹೆಜ್ಜೆಯಿಡು, ನೋಡಿ ವಸ್ತುವನ್ನಿಡು ಎಂಬ ಉಪದೇಶ ಓತಿಯನ್ನೂ ಕಾಯುತ್ತದೆ, ಇರುವೆಯನ್ನೂ ಕಾಯುತ್ತದೆ.

ಐದನೆಯದು ಎಲ್ಲಕ್ಕಿಂತ ಕಷ್ಟದ್ದು: ಜೊತೆಗಿರುವುದು. ಆವರಣವನ್ನಿಟ್ಟು ದೂರವಾಣಿಯ ಕರೆಗೆಂದು ಒಳಗೆ ಹೋಗಬಾರದು. ಸೂರ್ಯ ಸರಿದಂತೆ ನೆರಳೂ ಸರಿಯುತ್ತದೆ, ತಣ್ಣಗಿದ್ದ ಮೂಲೆ ಕಾವಲಿಯಾಗುತ್ತದೆ. ಆ ಅರ್ಧ ಗಂಟೆಯ ಕಾವಲು ಸಾಮಾಯಿಕವಲ್ಲ. ಆದರೆ ತನ್ನದಲ್ಲದ ಒಂದು ಜೀವದ ಸುಖದುಃಖಗಳ ಮೇಲೆ ಮನಸ್ಸನ್ನು ನಿಲ್ಲಿಸುವ ಅಭ್ಯಾಸ ಅದರಿಂದ ಬಾಲಕನಿಗೆ ದೊರೆಯುತ್ತದೆ.

ಇಷ್ಟಾದರೂ ಒಂದು ಕಠಿಣ ಆಕ್ಷೇಪ ಉಳಿಯುತ್ತದೆ. ಗಡ್ಡದ ಓತಿ ಸಸ್ಯವನ್ನೂ ಕೀಟವನ್ನೂ ತಿನ್ನುವ ಪ್ರಾಣಿ. ಮರಿಯಾಗಿದ್ದಾಗ ಅದರ ಆಹಾರದಲ್ಲಿ ಹೆಚ್ಚಿನ ಪಾಲು ಕೀಟಗಳದು. ಬೆಳೆದ ಮೇಲೆ ಸೊಪ್ಪು ತರಕಾರಿಗಳ ಪಾಲು ಹೆಚ್ಚುತ್ತದೆ, ಆದರೂ ಕೀಟ ಪೂರ್ತಿ ತಪ್ಪುವುದಿಲ್ಲ. ಊರು ಬಿಡುವ ನೆರೆಯವರು ಇಂಥದೊಂದನ್ನು ಜೈನ ಕುಟುಂಬವೊಂದರ ಹುಡುಗನ ಕೈಗೆ ಒಪ್ಪಿಸಿ ಹೋದರೆಂದು ಭಾವಿಸೋಣ. ಸ್ವದೇಶದಿಂದ ಬಂದ ಅಜ್ಜಿ, “ಒಂದನ್ನು ಉಳಿಸೋಕೆ ನೂರನ್ನು ಕೊಲ್ತೀಯಾ ಮಗೂ?” ಎಂದು ಕೇಳುತ್ತಾಳೆ. “ಹಾಗಾದ್ರೆ ಇದು ಉಪವಾಸ ಸಾಯ್ಲಾ ಅಜ್ಜಿ?” ಎಂದು ಹುಡುಗನ ಮರುಪ್ರಶ್ನೆ. ಇಬ್ಬರ ಮಾತಿನಲ್ಲಿಯೂ ಧರ್ಮವಿದೆ. ಹಿಂಸ್ರಪ್ರಾಣಿಯನ್ನು ಕೊಂದರೆ ಅನೇಕ ಜೀವಗಳು ಉಳಿಯುತ್ತವೆಂಬ ವಾದವನ್ನು ಅಮೃತಚಂದ್ರರು ತಿರಸ್ಕರಿಸಿದ್ದಾರೆ. ಇತ್ತ ಬೆಕ್ಕು ಮೊದಲಾದ ಹಿಂಸ್ರಪ್ರಾಣಿಗಳನ್ನು ಸಾಕುವುದನ್ನು ಶ್ರಾವಕಾಚಾರದ ಪರಂಪರೆ ಅನರ್ಥದಂಡದಲ್ಲಿ ಸೇರಿಸಿದೆ.

ಈ ಬಿಕ್ಕಟ್ಟಿಗೆ ನಿರ್ದೋಷವಾದ ಪರಿಹಾರವಿದೆಯೆಂದು ಹೇಳುವುದು ಆತ್ಮವಂಚನೆ. ದೆಹಲಿಯ ಚಾಂದನಿ ಚೌಕದಲ್ಲಿ, ಕೆಂಪುಕೋಟೆಯ ಎದುರಿನ ದಿಗಂಬರ ಜೈನ ಲಾಲ್ ಮಂದಿರದ ಆವರಣದಲ್ಲಿರುವ ಹಕ್ಕಿಗಳ ಧರ್ಮಾಸ್ಪತ್ರೆ ಇಂಥದೇ ಬಿಕ್ಕಟ್ಟನ್ನು ಎದುರಿಸಿದ ಸಂಸ್ಥೆ. ಸಸ್ಯಾಹಾರಿ ಹಕ್ಕಿಗಳನ್ನು ಅಲ್ಲಿ ಇರಿಸಿಕೊಂಡು ಆರೈಕೆ ಮಾಡುತ್ತಾರೆ; ಮಾಂಸಾಹಾರಿ ಹಕ್ಕಿಗಳಿಗೆ ಹೊರರೋಗಿಗಳಂತೆ ಚಿಕಿತ್ಸೆ ನೀಡಿ ಕಳುಹಿಸುತ್ತಾರೆ. ನೋವಿಗೆ ಬಾಗಿಲು ಮುಚ್ಚಲಿಲ್ಲ, ಹಿಂಸೆಗೆ ಮನೆ ಕಟ್ಟಿಕೊಡಲೂ ಇಲ್ಲ. ಅದೇ ವಿವೇಕದಿಂದ ನೋಡಿದರೆ, ಅಣುವ್ರತವನ್ನು ಸ್ವೀಕರಿಸಿದ ಕುಟುಂಬವು ಅಂಥ ಪ್ರಾಣಿಯನ್ನು ಸರೀಸೃಪಗಳ ಆಶ್ರಯಕೇಂದ್ರಕ್ಕೆ ಒಪ್ಪಿಸುವುದು ಯುಕ್ತ. ಒಪ್ಪಿಸುವವರೆಗೆ ಶಾಖ, ಬಿಸಿಲು, ನೀರು, ಆಹಾರಗಳಲ್ಲಿ ಯಾವುದನ್ನೂ ಕಡಿಮೆ ಮಾಡುವ ಹಕ್ಕು ಅದಕ್ಕಿಲ್ಲ.

ತೋಟದಲ್ಲಿ ಬಿಟ್ಟುಬಿಟ್ಟರೆ ಪುಣ್ಯವೆಂದು ಭಾವಿಸುವವರೂ ಉಂಟು. ಹಕ್ಕಿಗಳನ್ನು ಪಂಜರದಿಂದ ಬಿಡಿಸುವ ಸಂಪ್ರದಾಯದಿಂದ ಈ ಭಾವನೆ ಬಂದಿದೆ. ಆದರೆ ಆಸ್ಟ್ರೇಲಿಯದ ಹೊರಗೆ ಸಾಕುವ ಗಡ್ಡದ ಓತಿಗಳು ತಲೆಮಾರುಗಳಿಂದ ಬಂಧನದಲ್ಲಿಯೇ ಹುಟ್ಟಿದವು. ಶೀತದೇಶದ ತೋಟದಲ್ಲಿ ಬಿಟ್ಟರೆ ಮೊದಲ ಚಳಿಗಾಲವೇ ಅವುಗಳಿಗೆ ಕೊನೆ. ಬಿಸಿನಾಡಿನಲ್ಲಿ ಬದುಕುಳಿದರೆ ಅಲ್ಲಿಯ ಸಣ್ಣ ಜೀವಗಳಿಗೆ ಹೊಸ ವೈರಿ. ಪಾಲನೆಯ ಭಾರವನ್ನು ಇಳಿಸಿಕೊಳ್ಳುವುದಕ್ಕೆ ಬಿಡುಗಡೆಯೆಂಬ ಹೆಸರು ಒಪ್ಪುವುದಿಲ್ಲ.

ಹಾಗಾದರೆ ದೋಷ ಎಲ್ಲಿ ಆರಂಭವಾಯಿತು? ಕೀಟವನ್ನು ತಟ್ಟೆಗೆ ಹಾಕಿದ ದಿನವಲ್ಲ, ಪ್ರಾಣಿಯನ್ನು ಹಣ ಕೊಟ್ಟು ಕೊಂಡ ದಿನ. ಸಾಲದ ಪತ್ರಕ್ಕೆ ಸಹಿ ಹಾಕಿದ ದಿನವನ್ನು ಮರೆತು ಬಡ್ಡಿ ಕಟ್ಟುವ ದಿನ ಗೊಣಗುವುದು ವ್ಯವಹಾರ ಬಲ್ಲವನ ಲಕ್ಷಣವಲ್ಲ. ಗಡ್ಡದ ಓತಿ ಹತ್ತು ವರ್ಷಗಳವರೆಗೆ ಬಾಳಬಲ್ಲುದು. ಹನ್ನೆರಡರ ಬಾಲಕ ಬಯಸಿದ ಪ್ರಾಣಿ ಅವನಿಗೆ ಇಪ್ಪತ್ತೆರಡಾಗುವಾಗಲೂ ಬಿಸಿಲನ್ನು ಕೇಳುತ್ತಿರುತ್ತದೆ. ಅಷ್ಟು ದಿನಗಳ ಖರ್ಚನ್ನು, ಅದರೊಡನೆ ಅಷ್ಟು ಕೀಟಗಳ ಲೆಕ್ಕವನ್ನು, ಕೊಳ್ಳುವ ಮೊದಲೇ ಮಗುವಿನ ಎದುರು ತೆರೆದಿಡುವುದು ತಂದೆತಾಯಿಗಳ ಧರ್ಮ.

ಕರ್ನಾಟಕದ ವಾಚಕರಿಗೂ ಇದರಲ್ಲಿ ಪಾಠವಿದೆ. ಅದೃಷ್ಟ ತರುವುದೆಂಬ ಮೂಢನಂಬಿಕೆಯಿಂದ ನಕ್ಷತ್ರ ಆಮೆಯನ್ನು ತೊಟ್ಟಿಯಲ್ಲಿಟ್ಟು ಸಾಕುವವರಿದ್ದಾರೆ. ಒಣನೆಲದ ಆ ಪ್ರಾಣಿಗೂ ಬಿಸಿಲು ಬೇಕು, ಬಯಲು ಬೇಕು. ೧೯೭೨ರ ವನ್ಯಜೀವಿ ಸಂರಕ್ಷಣಾ ಕಾಯಿದೆಯಂತೆ ಅದನ್ನು ಮನೆಯಲ್ಲಿರಿಸಿಕೊಳ್ಳುವುದು ಅಪರಾಧವೂ ಹೌದು. ಬಸದಿಗಳ ಆಡಳಿತ ಮಂಡಲಿಗಳು ಇಂಥ ಪ್ರಾಣಿಗಳು ಎದುರಾದಾಗ ಅರಣ್ಯ ಇಲಾಖೆಗೆ ತಿಳಿಸುವ ಕ್ರಮವನ್ನು ರೂಢಿಸಬೇಕು. ವಿದೇಶದ ಜೈನ ಕೇಂದ್ರಗಳು ಮಕ್ಕಳ ಪಾಠಶಾಲೆಯಲ್ಲಿ ಅತಿಚಾರಗಳ ಹೆಸರುಗಳನ್ನು ಬಾಯಿಪಾಠ ಮಾಡಿಸುವಾಗ ಗಾಜಿನ ಪೆಟ್ಟಿಗೆಯ ಉದಾಹರಣೆಯನ್ನೂ ಸೇರಿಸಬಹುದು.

ಸೂರ್ಯನ ಬೆಳಕಿಗೆ ಬೆಲೆಯಿಲ್ಲ, ಅದನ್ನು ಯಾರೂ ದಾನ ಮಾಡಬೇಕಾಗಿಲ್ಲ. ಒಂದು ಜೀವವನ್ನು ಸೆರೆಯಲ್ಲಿಟ್ಟ ದಿನದಿಂದ ಮಾತ್ರ ಅದು ಇಟ್ಟವನ ಕೈಯಿಂದ ಸಲ್ಲಬೇಕಾದ ವಸ್ತುವಾಗುತ್ತದೆ. ಈಗಾಗಲೇ ಕೈಸೇರಿದ ಜೀವಕ್ಕೆ ಆ ಋಣವನ್ನು ಎಚ್ಚರದಿಂದ ಸಲ್ಲಿಸಲಿ. ಇನ್ನೂ ಕೊಳ್ಳದವರು ಕೊಳ್ಳದೆಯೇ ಇರಲಿ.